ಕಂಬ ಹತ್ತುವ ಮುನ್ನ: ಮಲೆನಾಡಿನಲ್ಲಿ ಫೈಬರ್, ಕರೆಂಟ್ ಲೈನ್ ಎಳೆಯುವವರಿಗೆ

ಇಂಟರ್ನೆಟ್ ಒಯ್ಯುವ ಫೈಬರ್‌ನಲ್ಲಿ ಕರೆಂಟ್ ಇಲ್ಲ, ನಿಜ. ಆದರೆ ತೀರ್ಥಹಳ್ಳಿ, ಹೊಸನಗರದ ಕಡೆ ತೋಟದ ಮನೆಗಳಿಗೆ ಎಳೆಯುವ ಡ್ರಾಪ್ ಕೇಬಲ್‌ಗಳಲ್ಲಿ ಜಗ್ಗು ತಡೆಯಲೆಂದು ಉಕ್ಕಿನ ತಂತಿ ಇರುವುದುಂಟು. ಕಂಬಕ್ಕೆ ಬಿಗಿಯುವಾಗ ಅದರ ಮೇಲಿನ ಕೋಟಿಂಗ್ ಬಿಡಿಸುತ್ತೇವೆ. ಆ ಬೆತ್ತಲೆ ತುದಿ ಎಲ್‌ಟಿ ಲೈನಿಗೆ (ಮನೆಗಳಿಗೆ ಕರೆಂಟ್ ಕೊಡುವ ಲೈನ್) ತಾಗಿದರೆ ಆಚೆ ತುದಿಯಲ್ಲಿ ತಂತಿ ಹಿಡಿದವನಿಗೂ ಹೊಡೆಯುತ್ತದೆ. ಕರೆಂಟ್ ಕಂಬದ ಮೇಲೆ ಫೈಬರ್ ಕೆಲಸ ಎಂದರೆ ಅದು ಕರೆಂಟ್ ಕೆಲಸವೇ.

ಆದ್ದರಿಂದ ಮೊದಲು ಮೆಸ್ಕಾಂ ಸೆಕ್ಷನ್ ಆಫೀಸಿನಿಂದ ಲೈನ್ ಕ್ಲಿಯರ್, ಅಂದರೆ ಲೈನ್ ಆಫ್ ಮಾಡಿ ಕೊಡುವ ಅನುಮತಿ, ಅದೂ ಬರಹದಲ್ಲಿ. 'ಆಫ್ ಮಾಡಿದೀವಿ, ಹತ್ತಿ ಮಾರಾಯ್ರೇ' ಎಂಬ ಫೋನ್ ಮಾತಿಗೆ ಹತ್ತಬೇಡಿ. ಕೆಲಸ ಮುಗಿದು, ಎಲ್ಲರೂ ಕೆಳಗಿಳಿದ ಮೇಲೆ ಕ್ಲಿಯರ್ ಪಡೆದವರೇ ಅದನ್ನು ವಾಪಸ್ ಕೊಡಬೇಕು.

ಆಮೇಲೆ ಟೆಸ್ಟರ್. ಕರೆಂಟ್ ಇದೆ ಎಂದು ಖಾತ್ರಿಯಿರುವ ಕಡೆ ಮೊದಲು ಹಿಡಿದು ನೋಡಿ. ನಂತರ ಲೈನಿನ ಮೂರೂ ಫೇಸ್, ನ್ಯೂಟ್ರಲ್, ಬೀದಿದೀಪದ ತಂತಿ. ಕೊನೆಗೆ ಮತ್ತೆ ಅದೇ ಖಾತ್ರಿ ಜಾಗದಲ್ಲಿ. ಸೆಲ್ ಸತ್ತ ಟೆಸ್ಟರ್ ಎಲ್ಲ ಲೈನನ್ನೂ ಸತ್ತಿದೆ ಎಂದೇ ತೋರಿಸುತ್ತದೆ! ಸ್ಕ್ರೂಡ್ರೈವರ್ ಟೆಸ್ಟರನ್ನು 11 ಕೆವಿ (11,000 ವೋಲ್ಟ್) ಲೈನಿನ ಹತ್ತಿರ ಒಯ್ಯಲೇಬಾರದು. ಅದಕ್ಕೆ ಉದ್ದ ಕೋಲಿನ ಡಿಟೆಕ್ಟರ್ ಬೇರೆ ಇದೆ.

ಟೆಸ್ಟರ್ ಉರಿಯಲಿಲ್ಲವೆಂದು ನಿಲ್ಲಬೇಡಿ, ಅರ್ತಿಂಗ್ ಹಾಕಿ, ಅಂದರೆ ತಂತಿಗಳನ್ನು ನೆಲಕ್ಕೆ ಜೋಡಿಸಿ. ಕ್ಲ್ಯಾಂಪನ್ನು ಮೊದಲು ಅರ್ತ್‌ಗೆ ಬಿಗಿದು, ಆಮೇಲೆ ಇನ್ಸುಲೇಟೆಡ್ ಕೋಲಿನಿಂದ ಒಂದೊಂದೇ ತಂತಿಗೆ ಹಾಕಿ, ಎಲ್ಲವನ್ನೂ ಶಾರ್ಟ್ ಮಾಡಬೇಕು. ತೆಗೆಯುವಾಗ ತಂತಿ ಮೊದಲು, ಅರ್ತ್ ಕೊನೆಗೆ. ನೀವಿರುವ ಜಾಗದ ಎರಡೂ ಬದಿಗೆ ಅರ್ತಿಂಗ್ ಇರಲಿ.

ಮಲೆನಾಡಿನಲ್ಲಿ ಇದನ್ನು ಬಿಡಲೇಬಾರದು. ಮಳೆಗಾಲದಲ್ಲಿ ದಿನಗಟ್ಟಲೆ ಕರೆಂಟ್ ಹೋಗುವ ಊರಿನಲ್ಲಿ ಜನರೇಟರ್ ಇಟ್ಟುಕೊಂಡ ಮನೆಗಳಿರುತ್ತವೆ. ಮನೆಯನ್ನು ಲೈನಿನಿಂದ ಬಿಡಿಸಿ ಜನರೇಟರಿಗೆ ಜೋಡಿಸುವ ಚೇಂಜ್‌ಓವರ್ ಸ್ವಿಚ್ ಇಲ್ಲದೆ ಅದರ ವೈರನ್ನು ಮನೆಯ ಪ್ಲಗ್ಗಿಗೆ ಚುಚ್ಚಿದರೆ, ಮೇನ್ ಸ್ವಿಚ್ ಆನ್ ಇದ್ದಲ್ಲಿ, 230 ವೋಲ್ಟ್ ಲೈನಿಗೆ ವಾಪಸ್ ಬರುತ್ತದೆ. ಟಿಸಿಗೆ (ಟ್ರಾನ್ಸ್‌ಫಾರ್ಮರ್) ಹಿಮ್ಮುಖವಾಗಿ ಹೊಕ್ಕರೆ ಎಚ್‌ಟಿ ಕಡೆ, ಅಂದರೆ 11 ಕೆವಿ ಲೈನಿನ ಕಡೆ, ಸಾವಿರಾರು ವೋಲ್ಟ್. ಸಬ್‌ಸ್ಟೇಷನ್‌ನಲ್ಲಿ ಆಫ್ ಮಾಡಿದವರಿಗೆ ಇದು ಕಾಣುವುದೇ ಇಲ್ಲ. ಹತ್ತುವ ಮುಂಚೆ ಒಂದು ನಿಮಿಷ ಸುಮ್ಮನೆ ನಿಂತು ಜನರೇಟರ್ ಸದ್ದು ಕೇಳುತ್ತದೆಯೇ ಎಂದು ಕಿವಿಗೊಡಿ.

ಏಣಿ ಫೈಬರ್‌ಗ್ಲಾಸ್‌ನದೇ ಆಗಲಿ. ಅಲ್ಯೂಮಿನಿಯಂ ಬೇಡ, ಬಿದಿರಿನದೂ ನೆಂದರೆ ಕರೆಂಟ್ ಒಯ್ಯುತ್ತದೆ. 6 ಮೀಟರ್ ಎತ್ತರಕ್ಕೆ ಒರಗಿಸಿದರೆ ಬುಡ ಒಂದೂವರೆ ಮೀಟರ್ ಆಚೆ ಇರಬೇಕು. ಇಳಿಜಾರಿನಲ್ಲಿ ಒಂದು ಕಾಲಿಗೆ ಕಲ್ಲು ಕೊಡುವ ಚಾಳಿ ಬಿಟ್ಟು, ಮೇಲಿನ ಕಾಲಿನ ಮಣ್ಣು ಕೆತ್ತಿ ಮಟ್ಟ ಮಾಡಿ. ಧರೆಯ ಅಂಚಿನ ಕಂಬದ ಬುಡದಲ್ಲಿ ಬಿರುಕು ಕಂಡರೆ ಹತ್ತಬೇಡಿ. ಹೆಜ್ಜೇನಿದೆಯೇ ಎಂದು ಕೆಳಗಿನಿಂದಲೇ ನೋಡಿ.

ನೆಲದಲ್ಲಿ ಹೂಳುವಾಗ ಅಗೆದ ಮಣ್ಣನ್ನು ಅಂಚಿನಿಂದ ಕನಿಷ್ಠ 2 ಅಡಿ ದೂರ ಹಾಕಿ. ಒಂದು ಘನ ಮೀಟರ್ ಒದ್ದೆ ಮಣ್ಣು ಒಂದೂವರೆ ಟನ್ನಿಗೂ ಹೆಚ್ಚು ತೂಗುತ್ತದೆ. ಎದೆಮಟ್ಟದ ಗುಂಡಿಯಾದರೆ ಆನಿಕೆ ಕೊಡದೆ ಇಳಿಯಬೇಡಿ.

ಸ್ಪ್ಲೈಸಿಂಗ್‌ನಲ್ಲಿ (ಫೈಬರ್ ತುದಿಗಳನ್ನು ಬೆಸೆಯುವ ಕೆಲಸ) ಅಪಾಯ ಸಣ್ಣದು, ಆದರೆ ಕಣ್ಣಿಗೆ ಕಾಣದ್ದು. ಕತ್ತರಿಸಿದ ಗಾಜಿನ ಎಳೆಯ ದಪ್ಪ 125 ಮೈಕ್ರಾನ್, ಹೆಚ್ಚುಕಡಿಮೆ ತಲೆಗೂದಲಿನಷ್ಟು. ಕಪ್ಪು ಮ್ಯಾಟ್ ಹಾಸಿ, ಚೂರುಗಳನ್ನು ಚಿಮುಟದಿಂದ ಮುಚ್ಚಳದ ಡಬ್ಬಿಗೆ ಹಾಕಿ. ಉಳಿದದ್ದನ್ನು ಟೇಪ್ ಒತ್ತಿ ತೆಗೆಯಿರಿ. ಊದಬೇಡಿ. ಕೈ ತೊಳೆಯದೆ ಎಲೆಯಡಿಕೆ ಹಾಕಿಕೊಂಡರೆ ಚೂರು ಬಾಯಿಗೆ ಹೋದೀತು, ಕಣ್ಣುಜ್ಜಿದರೆ ಕಣ್ಣಿಗೆ. ಬೆಳಕು ಹರಿಯುತ್ತಿರುವ ಫೈಬರ್‌ನ ತುದಿಯನ್ನು ಇಣುಕಿ ನೋಡಬೇಡಿ: 1490, 1550 ನ್ಯಾನೋಮೀಟರ್ ಬೆಳಕು ಕಾಣುವುದಿಲ್ಲ, ಆದರೂ ಕಣ್ಣಿಗೆ ಹಾನಿ ಮಾಡಬಹುದು. ಬೆಳಕು ಇದೆಯೇ ಎಂದು ಅಳೆಯುವ ಪವರ್ ಮೀಟರ್ ಇರುವುದು ಅದಕ್ಕೇ.

ಮನೆಯ ಲೈನಿನಲ್ಲಿ ಯಾರಿಗಾದರೂ ಶಾಕ್ ಹೊಡೆದರೆ ಮುಟ್ಟುವ ಮುಂಚೆ ಮೇನ್ ಆಫ್ ಮಾಡಿ. 11 ಕೆವಿ ಆದರೆ ಕೋಲು ಹಿಡಿದೂ ಹತ್ತಿರ ಹೋಗಬೇಡಿ. 1912ಕ್ಕೆ ಕರೆ ಮಾಡಿ ಲೈನ್ ಆಫ್ ಮಾಡಿಸಿ. ಉಸಿರಿಲ್ಲದಿದ್ದರೆ ಎದೆಯ ನಡುವೆ ನಿಮಿಷಕ್ಕೆ 100ರಿಂದ 120 ಸಲ, 5 ಸೆಂಟಿಮೀಟರ್ ಆಳಕ್ಕೆ ಒತ್ತುತ್ತಿರಿ, ಇನ್ನೊಬ್ಬರು 108ಕ್ಕೆ ಕರೆ ಮಾಡಲಿ. ಎದ್ದು ಕೂತು 'ಏನೂ ಆಗಿಲ್ಲ' ಎಂದರೂ ಆಸ್ಪತ್ರೆಗೆ ಕರೆದೊಯ್ದು ಇಸಿಜಿ ಮಾಡಿಸಿ.