ಡೇಟ್ಸ್ ನೋಡುತ್ತಿದ್ದವನು ಟಿಕೆಟ್ ಮಾರಲು ನಿಂತದ್ದು

ನಾನು ಬೆಂಗಳೂರಿನಲ್ಲಿ ಗಾಯಕರೊಬ್ಬರ ತಂಡಕ್ಕೆ ಮ್ಯಾನೇಜರ್ ಆಗಿದ್ದೆ. ದಿನವಿಡೀ ಫೋನಿನ ಕೆಲಸ. ಡೇಟು, ಅಡ್ವಾನ್ಸು, ರೂಮು, ಊಟ, ವಾದ್ಯ ಸಾಗಿಸುವ ಟೆಂಪೋ. ಶೋ ದುಡ್ಡಿನಲ್ಲಿ ಶೇ 15 ನನಗೆ.

ನಮ್ಮ ಸೀಸನ್ ಗಣೇಶ ಹಬ್ಬಕ್ಕೆ ಶುರುವಾಗುತ್ತದೆ. ನವೆಂಬರ್ ಪೂರ್ತಿ ರಾಜ್ಯೋತ್ಸವ. ಒಂದೇ ಸಂಜೆಗೆ ಎರಡು ಮೂರು ಕಮಿಟಿಯವರು ಜಗ್ಗಾಡುತ್ತಾರೆ. ಆಮೇಲೆ ಜಾತ್ರೆ, ಮದುವೆ ರಿಸೆಪ್ಷನ್. ಆಷಾಢ ಬಂದರೆ ಎಲ್ಲ ಬಂದ್. ನಡುವೆ ಗಾಯಕರ ಗಂಟಲು ಕೆಟ್ಟರೆ ನನ್ನ ಸಂಪಾದನೆಯೂ ಇಲ್ಲ. ಹೀಗೆ ಎಷ್ಟು ವರ್ಷ ಅಂತ ಅನ್ನಿಸಿ, ಸ್ವಂತ ಶೋ ಮಾಡುವ ಸಣ್ಣ ಕಂಪನಿ ತೆರೆದೆ.

ಕಲಾವಿದರನ್ನು ಒಪ್ಪಿಸುವುದು ನನಗೆ ಗೊತ್ತಿದ್ದ ಕೆಲಸ. ಗೊತ್ತಿಲ್ಲದ್ದು ಟಿಕೆಟ್ ಮಾರುವುದು. ರಸ್ತೆ ಬದಿಯ ಪೆಂಡಾಲಿನಲ್ಲಿ ಪುಕ್ಕಟೆ ಕೇಳಿ ಬೆಳೆದವರು ನಾವು. ಕಾರಿನಲ್ಲಿ ಬರುವ ಸ್ನೇಹಿತರೂ "ಎರಡು ಪಾಸ್ ಇಡಪ್ಪ" ಅನ್ನುತ್ತಾರೆ. ಸುಮ್ನೆ ಕೊಟ್ಟ ಪಾಸಿನವರು ಮಳೆ ಬಂದರೆ ಬರುವುದೇ ಇಲ್ಲ. ದುಡ್ಡು ಕೊಟ್ಟವರು ನೆನೆದುಕೊಂಡಾದರೂ ಬರುತ್ತಾರೆ. ಹಾಗಾಗಿ ಪಾಸ್ ನಿಲ್ಲಿಸಿದೆ. ಒಂದಿಬ್ಬರು ನೆಂಟರು ಇನ್ನೂ ಮುನಿಸಿಕೊಂಡಿದ್ದಾರೆ, ಇರಲಿ.

ಬೆಲೆ ಇಡುವುದರಲ್ಲೂ ಲೆಕ್ಕಾಚಾರ ಇದೆ. ಸಂಗೀತ ಕಾರ್ಯಕ್ರಮದ ಟಿಕೆಟ್ ₹500 ದಾಟದಿದ್ದರೆ ಜಿಎಸ್‌ಟಿ ಇಲ್ಲ. ದಾಟಿದರೆ ಶೇ 18. ಅದಕ್ಕೇ ₹499 ಅಂತ ಇಡುವುದು ಅಂದುಕೊಂಡರೆ ಅರ್ಧ ಸರಿ. ತೆರಿಗೆ ಇಲ್ಲದ ಟಿಕೆಟ್ ಮಾರಿದರೆ, ಸೌಂಡ್, ಲೈಟಿನವರ ಬಿಲ್ಲಿನಲ್ಲಿ ನಾನು ಕಟ್ಟಿದ ಜಿಎಸ್‌ಟಿ ವಾಪಸ್ ಹೊಂದಿಸಿಕೊಳ್ಳಲು ಬರುವುದಿಲ್ಲ. ದೊಡ್ಡ ಸೆಟಪ್ ಇರುವ ಶೋಗೆ ಇದು ಜಾಸ್ತಿಯೇ ಬೀಳುತ್ತದೆ.

ಇನ್ನು ಪರವಾನಗಿ. ವೇದಿಕೆಯ ಮೇಲೆ ಸಿನಿಮಾ ಹಾಡು ಹಾಡಿಸಿದರೆ ಸಾಹಿತಿ, ಸಂಗೀತ ನಿರ್ದೇಶಕರ ಹಕ್ಕಿನ ದುಡ್ಡನ್ನು ಅವರ ಪರವಾಗಿ ವಸೂಲಿ ಮಾಡುವ ಸಂಸ್ಥೆ ಐಪಿಆರ್‌ಎಸ್‌ಗೆ ಕಟ್ಟಬೇಕು. ರೆಕಾರ್ಡ್ ಆದ ಹಾಡು ಹಾಕಿದರೆ ಆ ಧ್ವನಿಮುದ್ರಣದ ಹಕ್ಕು ಬೇರೆ. ಕೃತಿಸ್ವಾಮ್ಯ (ಕಾಪಿರೈಟ್) ಕಾಯ್ದೆಯ 2012ರ ತಿದ್ದುಪಡಿಯ ಮೇಲಂತೂ ಹಾಡು ಬರೆದವರು, ರಾಗ ಹಾಕಿದವರು ತಮ್ಮ ರಾಯಲ್ಟಿ ಪಾಲನ್ನು ನಿರ್ಮಾಪಕರಿಗೆ ಬರೆದುಕೊಡುವಂತಿಲ್ಲ. ಮ್ಯಾನೇಜರ್ ಆಗಿದ್ದಾಗ ಇದೆಲ್ಲ ಆಯೋಜಕರ ತಲೆನೋವು ಅಂತ ಇದ್ದೆ. ಈಗ ಆಯೋಜಕ ನಾನೇ. ಬಯಲಿನಲ್ಲಿ ಮಾಡಿದರೆ ಪೊಲೀಸ್ ಪರ್ಮಿಷನ್ ಬೇಕು, ರಾತ್ರಿ 10ಕ್ಕೆ ಧ್ವನಿವರ್ಧಕ ನಿಲ್ಲಬೇಕು. ಅದಕ್ಕೇ ದೊಡ್ಡ ಹಿಟ್ ಹಾಡನ್ನು ಕೊನೆಗೆ ಉಳಿಸಲು ನಾನು ಬಿಡುವುದಿಲ್ಲ.

ಅಸಲಿ ಕಷ್ಟ ದುಡ್ಡು ಬರುವ ಹೊತ್ತಿನದು. ಬಾಕಿ ಪೂರ್ತಿ ಕೈಗೆ ಬರದೆ ವೇದಿಕೆ ಹತ್ತಬೇಡಿ ಅಂತ ಕಲಾವಿದರಿಗೆ ಹೇಳಿಕೊಟ್ಟವನೇ ನಾನು. ಈಗ ಅವರ ಮ್ಯಾನೇಜರುಗಳು ಅದನ್ನೇ ನನಗೆ ಹೇಳುತ್ತಾರೆ. ಆನ್‌ಲೈನ್ ಟಿಕೆಟ್ ದುಡ್ಡು ಶೋ ಮುಗಿದ ಮೇಲೆ ಬರುತ್ತದೆ, ಸ್ಪಾನ್ಸರ್ ದುಡ್ಡು ಇನ್ನೂ ತಡ. ಆದ್ದರಿಂದ ಒಂದು ಇಡೀ ಶೋನ ಖರ್ಚು ಬ್ಯಾಂಕಿನಲ್ಲಿ ಇಲ್ಲದೆ ಮುಂದಿನ ಶೋ ಘೋಷಿಸುವುದಿಲ್ಲ. ಸೌಂಡ್ ಸಿಸ್ಟಂ ಕೊಂಡಿಲ್ಲ, ಬಾಡಿಗೆಗೇ ತರುತ್ತೇನೆ. ಗೋಡೌನ್ ಬಾಡಿಗೆ ಕಟ್ಟುವ ಬದಲು ಒಳ್ಳೆಯ ಸೌಂಡ್ ಎಂಜಿನಿಯರ್‌ಗೆ ಜಾಸ್ತಿ ಕೊಡುವುದು ಮೇಲು.

ಲಾಭ ಕಂಡದ್ದು, ನಂಬಿದರೆ ನಂಬಿ, ಆಷಾಢದಲ್ಲೇ. ಆಗ ಹಾಲ್‌ಗಳು ಖಾಲಿ, ಬಾಡಿಗೆಯಲ್ಲಿ ಚೌಕಾಸಿ ನಡೆಯುತ್ತದೆ. ತಬಲಾ, ಕೀಬೋರ್ಡಿನವರಿಗೂ ಬಿಡುವು, ರಿಹರ್ಸಲ್‌ಗೆ ಮನಸಾರೆ ಬರುತ್ತಾರೆ. ನವೆಂಬರಿನಲ್ಲಿ ಈಗ ನಾನು ಸ್ವಂತ ಶೋ ಇಡುವುದೇ ಇಲ್ಲ. ಕಮಿಟಿಯವರಿಗೆ ತಂಡಗಳನ್ನು ಒದಗಿಸಿ ಹಳೆಯ ಶೇ 15 ತೆಗೆದುಕೊಳ್ಳುತ್ತೇನೆ.