ಊರಿನ ಇತಿಹಾಸ ಕೆದಕೋಕೆ ಹೊರಟವರಿಗೆ, ಗೇಟು ಹುಡುಕಿದವನ ಕಿವಿಮಾತು

ಇಂಗ್ಲೆಂಡಿನ ಲೆಸ್ಟರ್‌ಗೆ ಬಂದ ಹೊಸದರಲ್ಲಿ ಒಂದು ಇಡೀ ಶನಿವಾರ ನಾನು ಗೇಟು ಹುಡುಕಿದ್ದೇನೆ. ಬೆಲ್‌ಗ್ರೇವ್ ಗೇಟ್, ಹಂಬರ್‌ಸ್ಟೋನ್ ಗೇಟ್, ಗ್ಯಾಲೋಟ್ರೀ ಗೇಟ್ ಅಂತ ಬೋರ್ಡು ಕಂಡಲ್ಲೆಲ್ಲ ಹಳೇ ಬಾಗಿಲಿನ ಗುರುತಾದರೂ ಸಿಗಬೇಕಲ್ಲ ಅಂತ ಹೆಂಡತಿ, ಮಗಳನ್ನೂ ಚಳಿಯಲ್ಲಿ ಎಳೆದುಕೊಂಡು ತಿರುಗಿದೆ. ಚಿತ್ರದುರ್ಗದ ಕಡೆಯವನು ನೋಡಿ, ಗೇಟು ಅಂದರೆ ಕೋಟೆ ಬಾಗಿಲೇ. ಈ ಬೀದಿಗಳಲ್ಲಿ ಗೇಟ್ ಅಂದರೆ ಬೀದಿ ಅಂತಲೇ ಅರ್ಥ! ಸಾವಿರ ವರ್ಷಕ್ಕೂ ಹಿಂದೆ ಡೆನ್ಮಾರ್ಕ್ ಕಡೆಯಿಂದ ಬಂದು ನೆಲೆಸಿದ ಡೇನ್ ಜನರ ಮಾತು ಅದು. ಓಡ್‌ಬಿ, ಬ್ಲೇಬಿ ಅನ್ನೋ ಇಲ್ಲಿನ ಊರುಗಳ ಹೆಸರಿನ ಕೊನೆಯ 'ಬಿ' ಕೂಡ ಅವರದೇ, ನಮ್ಮ 'ಹಳ್ಳಿ' ಇದ್ದ ಹಾಗೆ. ಹೊರಗಿಂದ ಬಂದವರು ಇಟ್ಟ ಹೆಸರುಗಳು ಈಗ ಅಪ್ಪಟ ಇಂಗ್ಲಿಷ್. ಇದು ನನಗೆ ಯಾಕೋ ತುಂಬಾ ಸಮಾಧಾನ ಕೊಟ್ಟಿತು.

ನೀವೂ ನಿಮ್ಮ ಊರಿನ ಇತಿಹಾಸ ಹುಡುಕೋಕೆ ಹೊರಟಿದ್ದರೆ ಕಾಗದಪತ್ರದ ಕೆಲಸ ಜಾಸ್ತಿ ಇಲ್ಲ: ಕೌಂಟಿಯ, ಅಂದರೆ ಇಲ್ಲಿನ ಜಿಲ್ಲೆಯ, ಹಳೇ ದಾಖಲೆ ಇಡುವ ರೆಕಾರ್ಡ್ ಆಫೀಸಿಗೆ ಗುರುತಿನ ಚೀಟಿ, ವಿಳಾಸದ ಪುರಾವೆ ಒಯ್ದು ಕಾರ್ಡು ಮಾಡಿಸಿ. ಶಾಲೆಯಲ್ಲಿ ಪಾಠ ಮಾಡೋದಾದರೆ ಡಿಬಿಎಸ್ ತಪಾಸಣೆ (ನಿಮ್ಮ ಮೇಲೆ ಅಪರಾಧದ ದಾಖಲೆ ಇದೆಯಾ ಅಂತ ನೋಡೋದು) ಬೇಕಾಗಬಹುದು, ಅದನ್ನು ಶಾಲೆಯವರೇ ಹೇಳುತ್ತಾರೆ. ಮತ್ತೆ ಪೆನ್ನು ಮನೆಯಲ್ಲೇ ಬಿಡಿ. ಮುನ್ನೂರು ವರ್ಷದ ಪುಸ್ತಕದ ಪಕ್ಕ ನಾನು ಜೇಬಿಂದ ಇಂಕ್ ಪೆನ್ನು ತೆಗೆದಾಗ ಅಲ್ಲಿದ್ದವರು ಎದ್ದು ಬಂದ ರೀತಿ ನೋಡಿದ್ದರೆ, ನಾನು ಚಾಕು ತೆಗೆದೆ ಅಂದುಕೊಳ್ಳುತ್ತಿದ್ದಿರಿ. ಅಲ್ಲಿ ಪೆನ್ಸಿಲ್ ಮಾತ್ರ.

ಇದೆಲ್ಲ ಸಣ್ಣದು. ದೊಡ್ಡ ಮರ್ಯಾದೆ ಹೋದದ್ದು ನಾವಿಲ್ಲಿ ಇರುವ ಹಳ್ಳಿಯ ಇತಿಹಾಸ ಸಂಘದಲ್ಲಿ. 1538ರಿಂದ ಇಲ್ಲಿನ ಚರ್ಚುಗಳು ಮದುವೆ, ನಾಮಕರಣ, ಮಣ್ಣು ಎಲ್ಲ ಬರೆದಿಡಬೇಕು ಅಂತ ಆಜ್ಞೆಯಾಗಿತ್ತು. ನಾನು ಮೊದಲೆರಡು ವರ್ಷ, ನಮಗೂ ಚರ್ಚಿಗೂ ಏನು ಸಂಬಂಧ ಅಂತ ಆ ಕಡೆ ಹೋಗಲೇ ಇಲ್ಲ. ಅದೂ ಒಂದು ದಡ್ಡತನ. ಆಮೇಲೆ ಕೂತು ಓದಿ, ಒಂದು ಮನೆತನದ ಬಗ್ಗೆ ಭಾಷಣಕ್ಕೆ ಒಪ್ಪಿಕೊಂಡೆ. ಮಗುವಿನ ನಾಮಕರಣ 1720 ಫೆಬ್ರವರಿ, ಅಪ್ಪ ಅಮ್ಮನ ಮದುವೆ 1720 ಮೇ. ನಾನು ಸ್ವಲ್ಪ ನಗುತ್ತಲೇ, 'ಮಗು ಮೊದಲು, ಮದುವೆ ಆಮೇಲೆ' ಅಂದೆ. ಯಾರೂ ನಗಲಿಲ್ಲ. ಮುಂದಿನ ಸಾಲಿನ ಒಬ್ಬ ಅಜ್ಜಿ ಮೆತ್ತಗೆ ಹೇಳಿದರು: ಆಗ ಇಲ್ಲಿ ಹೊಸ ವರ್ಷ ಶುರುವಾಗುತ್ತಿದ್ದದ್ದು ಮಾರ್ಚ್ 25ಕ್ಕೆ. ಅಂದರೆ ಆ ಫೆಬ್ರವರಿ ಮದುವೆಯಾಗಿ ಒಂಬತ್ತು ತಿಂಗಳಿಗೆ ಬಂದದ್ದು, ನಮ್ಮ ಲೆಕ್ಕಕ್ಕೆ 1721. ಜನವರಿ ಒಂದಕ್ಕೆ ವರ್ಷ ಬದಲಾಗೋದು ಇಂಗ್ಲೆಂಡಿಗೆ ಬಂದದ್ದೇ 1752ರಲ್ಲಿ. ಸತ್ತು ಎಷ್ಟೋ ಕಾಲವಾದ ಗಂಡ ಹೆಂಡಿರ ಮಾನ ಸುಮ್ನೆ ಕಳೆದಿದ್ದೆ. ಮಾರ್ಚ್ ಏಪ್ರಿಲ್‌ನಲ್ಲಿ ಬೇವು ಬೆಲ್ಲ ತಿಂದು ವರ್ಷ ಶುರು ಮಾಡುವ ನನಗೆ ಇದು ಹೊಳೆಯಬೇಕಿತ್ತಲ್ವಾ?

ಆ ದಿನ ತಲೆ ತಗ್ಗಿಸಿಕೊಂಡು ಅಡುಗೆಕೋಣೆಗೆ ಹೋಗಿ ಎಲ್ಲರ ಟೀ ಕಪ್ಪು ತೊಳೆದೆ. ನಿಜ ಹೇಳುತ್ತೇನೆ, ಸಂಘದವರು ನನ್ನನ್ನು ಹೆಸರು ಹಿಡಿದು ಕರೆಯೋಕೆ ಶುರು ಮಾಡಿದ್ದು ಆಮೇಲೆಯೇ. ಭಾಷಣಕ್ಕಿಂತ ಕಪ್ಪು ತೊಳೆಯೋದು ಬೇಗ ಒಳಗೆ ಬಿಡುತ್ತದೆ.

ಮಕ್ಕಳಿಗೆ ಪಾಠ ಮಾಡೋದು ಬೇರೆ ಕಥೆ. ಇಲ್ಲಿನ ಪ್ರೈಮರಿ ಶಾಲೆಯ ಪಠ್ಯಕ್ರಮದಲ್ಲಿ ತಮ್ಮ ಊರಿನ ಇತಿಹಾಸ ಓದೋದು ಇದೆ, ಹಾಗಾಗಿ ಕರೆಯುತ್ತಾರೆ. ಮೊದಲ ಸಲ ನಾನು ನಮ್ಮ ಮೇಷ್ಟ್ರ ಹಾಗೆ ಜಮೀನಿನ ಲೆಕ್ಕ ಬರೆದ 1086ರ ಡೂಮ್ಸ್‌ಡೇ ಪುಸ್ತಕದಿಂದ ಹಿಡಿದು 1485ರಲ್ಲಿ ಸತ್ತ ಮೂರನೇ ರಿಚರ್ಡ್ ರಾಜನ ಮೂಳೆ 2012ರಲ್ಲಿ ಲೆಸ್ಟರ್‌ನ ಕಾರ್ ಪಾರ್ಕಿನಡಿ ಸಿಕ್ಕಿದವರೆಗೆ ಉಸಿರು ಬಿಡದೆ ಒಪ್ಪಿಸಿದೆ. ಮೂಳೆ ಅಂದಾಗ ಮಾತ್ರ ಎದ್ದು ಕೂತರು. ಮುಂದಿನ ಸಲ ಬರೀ ಒಂದು ಟೈದ್ ನಕ್ಷೆಯ ನಕಲು ಒಯ್ದೆ. ಬೆಳೆಯಲ್ಲಿ ಹತ್ತಕ್ಕೊಂದು ಪಾಲು ಚರ್ಚಿಗೆ ಹೋಗುತ್ತಿದ್ದದ್ದನ್ನು 1836ರ ಕಾಯ್ದೆ ದುಡ್ಡಿಗೆ ಬದಲಿಸಿತು, ಅದಕ್ಕಾಗಿ ಮಾಡಿದ ನಕ್ಷೆ. ಎಲ್ಲ ಊರಿಗೂ ಇಲ್ಲ, ಮೊದಲೇ ಹೊಲಗಳನ್ನು ಬೇಲಿ ಹಾಕಿ ಹಂಚಿಕೊಂಡ ಎಷ್ಟೋ ಊರುಗಳಲ್ಲಿ ಚರ್ಚಿನ ಪಾಲಿನ ಲೆಕ್ಕ ಆಗಲೇ ಮುಗಿದಿತ್ತು. ಅದರ ಜೊತೆಗಿರುವ ಪಟ್ಟಿ ಥೇಟ್ ನಮ್ಮ ಪಹಣಿ: ಒಡೆಯ ಯಾರು, ಉಳುವವನು ಯಾರು, ಎಷ್ಟು ಎಕರೆ. ಗುಂಟೆ ಬದಲು ಪರ್ಚ್, ನಾಲ್ಕು ಪರ್ಚ್‌ಗೆ ಒಂದು ಗುಂಟೆ. ಆದರೆ ಪಹಣಿಯಲ್ಲಿ ಸರ್ವೆ ನಂಬರು, ಇದರಲ್ಲಿ ನಂಬರಿನ ಜೊತೆ ಹೊಲಕ್ಕೊಂದು ಹೆಸರು.

ನಕ್ಷೆಯಲ್ಲಿ ತನ್ನ ಮನೆ ಇಲ್ಲ ಅಂತ ಒಬ್ಬ ಹುಡುಗ ಮುಖ ಸಪ್ಪಗೆ ಮಾಡಿದ. ಹೊಸ ಬಡಾವಣೆಯವನು, ಅಪ್ಪ ಅಮ್ಮ ಪೋಲೆಂಡಿನವರು. 'ನಿನ್ನ ಮನೆ ಹಂಗರ್ ಹಿಲ್ ಅನ್ನೋ ಹೊಲದ ಮೇಲಿದೆ. ಏನೂ ಬೆಳೆಯದ ಬರಡು ನೆಲಕ್ಕೆ ಇಲ್ಲಿ ಹಾಗೆ ಹೆಸರಿಡುತ್ತಿದ್ದರು' ಅಂದೆ. ಹಸಿದ ಗುಡ್ಡದ ಮೇಲೆ ತಾನು ದಿನಾ ಮಲಗೋದು ಅಂತ ಅವನಿಗೆ ಆದ ಖುಷಿ ಹೇಳತೀರದು.

ಬಂದವರ ಕಥೆಯನ್ನೂ ಬಿಡಬೇಡಿ. 1972ರಲ್ಲಿ ಉಗಾಂಡದಿಂದ ಓಡಿಸಲ್ಪಟ್ಟ ಏಷ್ಯನ್ನರಿಗೆ, ಲೆಸ್ಟರ್‌ಗೆ ಬರಬೇಡಿ ಅಂತ ನಗರ ಕೌನ್ಸಿಲ್ಲೇ ಉಗಾಂಡದ ಪತ್ರಿಕೆಯಲ್ಲಿ ಜಾಹೀರಾತು ಕೊಟ್ಟಿತ್ತು. ಆದರೂ ಬಂದರು. ನಾವೀಗ ಕೊತ್ತಂಬರಿ, ನುಗ್ಗೆಕಾಯಿ ಕೊಳ್ಳೋ ಬೆಲ್‌ಗ್ರೇವ್ ರಸ್ತೆ ಹೀಗಾದದ್ದರಲ್ಲಿ ಅವರ ಪಾಲು ದೊಡ್ಡದು. ನಿಮ್ಮ ಯುಗಾದಿ ಕರೆಯೋಲೆ, ಕನ್ನಡ ಕ್ಲಾಸಿನ ಹಾಜರಿ ಪುಸ್ತಕ ಎಸೆಯಬೇಡಿ, ನಾನು ಒಂದು ಪೆಟ್ಟಿಗೆ ತುಂಬಾ ಎಸೆದಿದ್ದೇನೆ, ಇವತ್ತಿಗೂ ಹೊಟ್ಟೆ ಉರಿಯುತ್ತದೆ.

ಹೊಟ್ಟೆ ಉರಿಯೋ ಇನ್ನೊಂದು ವಿಷಯ ಇದೆ. ಮಗಳಿಗೆ ಶಾಲೆಯಲ್ಲಿ, ನಿಮ್ಮ ಕುಟುಂಬದ ಊರಿನ ನಕ್ಷೆ ಬರೆದು ತಾ ಅಂದರು. 'ಅಪ್ಪಾ, ನಮ್ಮ ಹೊಲಗಳ ಹೆಸರೇನು?' ಅಂತ ಕೇಳಿದಳು. ಈ ಹಳ್ಳಿಯ ಇನ್ನೂರು ವರ್ಷದ ಹೊಲಗಳ ಹೆಸರು ನನಗೆ ಬಾಯಿಪಾಠ. ನಮ್ಮದು ಕೇಳಿದರೆ ಮಾರುವಾಗ ಸಹಿ ಹಾಕಿದ ಸರ್ವೆ ನಂಬರು ಮಾತ್ರ ನೆನಪು. ಚಿಕ್ಕಪ್ಪನಿಗೆ ಫೋನು ಹಚ್ಚಿದೆ. ಹುಣಸೇಮರದ ಹೊಲ, ಗುಂಡಿ ಹೊಲ, ಕೆರೆ ಹಿಂದಲದು ಅಂತ ಅವರು ಹೇಳುತ್ತಾ ಹೋದರು, ಇವಳು ಇಂಗ್ಲಿಷ್ ಅಕ್ಷರದಲ್ಲಿ ತಪ್ಪು ತಪ್ಪಾಗಿ ಬರೆಯುತ್ತಾ ಹೋದಳು. ಕೊನೆಯದು ದೊಡ್ಡಮ್ಮನ ಹೊಲ.

'ಯಾವ ದೊಡ್ಡಮ್ಮ, ತಾತಾ?' ಅಂದಳು.

ಆ ಕಡೆಯಿಂದ ಸ್ವಲ್ಪ ಹೊತ್ತು ಮಾತಿಲ್ಲ. 'ನಿಮ್ಮ ದೊಡ್ಡ ತಾತಂಗೆ ಗೊತ್ತಿತ್ತು ಕಣವ್ವ.'