ಸುರಬಾಯಾದ ಅಂಪೆಲ್ ಅರಬ್ ಕೇರಿಯನ್ನು ನಡೆದು ಅರಿಯುವ ಬಗೆ

ಇಂಡೊನೇಷ್ಯಾದ ಪೂರ್ವ ಜಾವಾ ಪ್ರಾಂತ್ಯದ ರಾಜಧಾನಿಯಾದ ಸುರಬಾಯಾಕ್ಕೆ ಹೋದವರು ಅಲ್ಲಿನ ಅಂಪೆಲ್ ಎಂಬ ಅರಬ್ ಕೇರಿಯನ್ನು ಸಾಮಾನ್ಯವಾಗಿ ಒಂದೇ ರೀತಿಯಲ್ಲಿ ನೋಡುತ್ತಾರೆ. ಮಸೀದಿಯ ಬಳಿ ವಾಹನದಿಂದ ಇಳಿದು, ಮುಸ್ಲಿಂ ಸಂತ ಸುನಾನ್ ಅಂಪೆಲ್ ಅವರ ಸಮಾಧಿಯ ದರ್ಶನ ಮಾಡಿ, ಓಣಿಯಲ್ಲಿ ಖರ್ಜೂರ ಕೊಂಡು ಮರಳುತ್ತಾರೆ. ಯಾತ್ರಿಕರಿಗೆ ಅಷ್ಟು ಸಾಕು. ಕೇರಿಯ ಇತಿಹಾಸವನ್ನು ತಿಳಿಯಬಯಸುವವರಿಗೆ ಮಾತ್ರ ಈ ಕ್ರಮ ದಾರಿ ತಪ್ಪಿಸುತ್ತದೆ, ಏಕೆಂದರೆ 15ನೆಯ ಶತಮಾನದ ಸಂತರೂ ಇಂದಿನ ಅರಬ್ ಮನೆತನಗಳ ಪೂರ್ವಜರೂ ಒಂದೇ ಕಾಲದಲ್ಲಿ ಇಲ್ಲಿ ಬಂದು ನೆಲೆಸಿದವರೆಂಬ ತಪ್ಪು ಕಲ್ಪನೆ ಅದರಿಂದ ಹುಟ್ಟುತ್ತದೆ. ಆ ಮನೆತನಗಳಲ್ಲಿ ಬಹುಪಾಲು 19ನೆಯ ಶತಮಾನದಲ್ಲಿ ಹಾಗೂ ಅದರ ಆಚೀಚೆ ಬಂದವು. ಆದುದರಿಂದ ಸಮಾಧಿಯನ್ನು ಕೊನೆಗೆ ಇಟ್ಟುಕೊಂಡು ನದಿಯಿಂದ ನಡಿಗೆಯನ್ನು ಆರಂಭಿಸುವುದು ಒಳ್ಳೆಯದು.

ಕಾಲಿ ಮಾಸ್ ನದಿಯ ಮೇಲಿನ ಜೆಂಬಾತಾನ್ ಮೇರಾ, ಅಂದರೆ ಕೆಂಪು ಸೇತುವೆ, ಇದಕ್ಕೆ ತಕ್ಕ ಸ್ಥಳ. ಸೇತುವೆಯ ಮೇಲೆ ಉತ್ತರಕ್ಕೆ ಮುಖ ಮಾಡಿ ನಿಂತರೆ ಹಳೆಯ ನಗರದ ವಿನ್ಯಾಸ ಅರ್ಥವಾಗುತ್ತದೆ. ಎಡಗಡೆಯ ದಂಡೆಯಲ್ಲಿ ಡಚ್ಚರ ಕಚೇರಿಗಳೂ ಬ್ಯಾಂಕುಗಳೂ ಇದ್ದವು. ಬಲಗಡೆಯಲ್ಲಿ ಕೆಂಬಾಂಗ್ ಜೆಪುನ್ ಬೀದಿಯ ಸುತ್ತ ಚೀನೀಯರು, ಅವರಿಗಿಂತ ಉತ್ತರಕ್ಕೆ ಮಲಯರು ಮತ್ತು ಅರಬರು ನೆಲೆಸಿದ್ದರು. ಸಮುದ್ರದಿಂದ ಬಂದ ಸರಕು ದೋಣಿಗಳಲ್ಲಿ ಇದೇ ನದಿಯ ಮೂಲಕ ಊರೊಳಗೆ ಬರುತ್ತಿದ್ದುದರಿಂದ ವ್ಯಾಪಾರ ಮಾಡುವ ಪ್ರತಿಯೊಂದು ಸಮುದಾಯಕ್ಕೂ ದಂಡೆಯ ಸಮೀಪದ ಜಾಗ ಬೇಕಾಗಿತ್ತು. 1945ರ ಅಕ್ಟೋಬರ್ 30ರಂದು ಬ್ರಿಟಿಷ್ ಬ್ರಿಗೇಡಿಯರ್ ಮ್ಯಾಲಬಿ ಹತರಾದದ್ದೂ ಈ ಸೇತುವೆಯ ಬಳಿಯಲ್ಲಿಯೇ. ಅದರ ಬೆನ್ನಿಗೆ ಬ್ರಿಟಿಷರ ವಿರುದ್ಧ ನಡೆದ ನವೆಂಬರ್ 10ರ ಯುದ್ಧದಿಂದ ಸುರಬಾಯಾಕ್ಕೆ ವೀರರ ನಗರವೆಂಬ ಹೆಸರು ಬಂದಿತು.

ಸೇತುವೆಯಿಂದ ಪೂರ್ವಕ್ಕೆ ನಡೆದು, ಪಬೇಯಾನ್ ಮಾರುಕಟ್ಟೆಯ ಈರುಳ್ಳಿ, ಮಸಾಲೆ ಮತ್ತು ಮೀನಿನ ವಾಸನೆಯನ್ನು ದಾಟಿ, ಜಲಾನ್ ಪಾಂಗುಂಗ್ ಬೀದಿಯ ಮೂಲಕ ಉತ್ತರಕ್ಕೆ ಸಾಗಬೇಕು. ಚೀನೀ ಅಂಗಡಿಗಳು ಮುಗಿದು ಅರಬ್ ಹೆಸರುಗಳ ಫಲಕಗಳು ತೊಡಗುವ ಈ ಸಣ್ಣ ಅಂತರದಲ್ಲಿ ವಸಾಹತು ಕಾಲದ ಕಾನೂನನ್ನು ನೆನಪಿಸಿಕೊಳ್ಳಬೇಕು. ಡಚ್ ಆಡಳಿತವು ಪ್ರಜೆಗಳನ್ನು ಯುರೋಪಿಯನ್ನರು, ಸ್ಥಳೀಯರು ಮತ್ತು ಪರದೇಶಿ ಪೌರ್ವಾತ್ಯರು ಎಂದು ವಿಂಗಡಿಸಿ, ಅರಬರನ್ನೂ ಚೀನೀಯರನ್ನೂ ಮೂರನೆಯ ಗುಂಪಿಗೆ ಸೇರಿಸಿತ್ತು. ಈ ಗುಂಪಿನವರು ಗೊತ್ತುಪಡಿಸಿದ ಕೇರಿಗಳಲ್ಲಿಯೇ ವಾಸಿಸಬೇಕೆಂಬುದು ಒಂದು ಕಟ್ಟಳೆ. ಊರು ಬಿಟ್ಟು ಪ್ರಯಾಣ ಮಾಡಲು ಪರವಾನಗಿ ಚೀಟಿ ಪಡೆಯಬೇಕೆಂಬುದು ಇನ್ನೊಂದು. ಸಮುದಾಯದ ಒಬ್ಬ ಸಿರಿವಂತನನ್ನು ಕಾಪಿತೇನ್ ಎಂಬ ಪದವಿಯಲ್ಲಿ ಕೂರಿಸಿ, ಆತನ ಮೂಲಕ ಸರ್ಕಾರ ಕೇರಿಯನ್ನು ಆಳುತ್ತಿತ್ತು. 20ನೆಯ ಶತಮಾನದ ಎರಡನೆಯ ದಶಕದ ಹೊತ್ತಿಗೆ ಈ ಕಟ್ಟಳೆಗಳು ಸಡಿಲಗೊಂಡು ರದ್ದಾದವು, ಆದರೆ ಅಷ್ಟರಲ್ಲಿ ಮನೆ, ಮಸೀದಿ, ಅಂಗಡಿ, ನೆಂಟಸ್ತಿಕೆ ಎಲ್ಲವೂ ಒಂದೇ ಕಡೆ ಬೇರು ಬಿಟ್ಟಿದ್ದವು. ಅರಬರು ತಾವಾಗಿಯೇ ಒಟ್ಟಾಗಿ ಬಾಳಲು ಬಯಸಿದರೆಂಬ ವಿವರಣೆಯನ್ನು ಪ್ರವಾಸಿ ಕೈಪಿಡಿಗಳು ಧಾರಾಳವಾಗಿ ಕೊಡುತ್ತವೆ. ಅದು ಅರ್ಧ ಸತ್ಯ ಮಾತ್ರ.

ಮುಂದಿನ ಕೆಲಸ ಫಲಕಗಳನ್ನು ಓದುವುದು. ಬಾಸ್ವೆದಾನ್, ಬಾವಝೀರ್, ನಬ್ಹಾನ್, ಅಸ್ಸೆಗಾಫ್, ಅಲ್-ಹಬ್ಶಿ, ಅಲ್-ಅತ್ತಾಸ್ ಮೊದಲಾದ ಮನೆತನಗಳ ಹೆಸರುಗಳೆಲ್ಲವೂ ಇಂದಿನ ಯೆಮನ್ ದೇಶದ ಹದ್ರಮೌತ್ ಪ್ರದೇಶಕ್ಕೆ, ಅಂದರೆ ತರೀಮ್, ಸೆಯೂನ್, ಶಿಬಾಮ್ ಪಟ್ಟಣಗಳಿರುವ ಒಣ ಕಣಿವೆಗೆ ಸೇರಿದವು. ಆ ಕಣಿವೆಯ ಗಂಡಸರು ಹಿಂದೂ ಮಹಾಸಾಗರದಾದ್ಯಂತ ವ್ಯಾಪಾರಕ್ಕೆ ಹೋಗುವ ರೂಢಿ ಹಳೆಯದು. 1869ರಲ್ಲಿ ಸೂಯೆಜ್ ಕಾಲುವೆ ತೆರೆದು ಹಬೆ ಹಡಗುಗಳ ಸಂಚಾರ ಹೆಚ್ಚಿದ ಮೇಲೆ ಜಾವಾಕ್ಕೆ ಬರುವವರ ಸಂಖ್ಯೆ ಬಹಳ ಏರಿತು. ಹೆಂಗಸರು ಇಷ್ಟು ದೂರ ಬರುತ್ತಿರಲಿಲ್ಲವಾದ್ದರಿಂದ ಬಂದವರು ಇಲ್ಲಿನ ಸ್ತ್ರೀಯರನ್ನೇ ಮದುವೆಯಾದರು. ಹೀಗಾಗಿ ಅಂಪೆಲ್‌ನ ಅರಬ್ ಮಕ್ಕಳು ಮೊದಲ ತಲೆಮಾರಿನಿಂದಲೇ ತಾಯಿಯ ಕಡೆಯಿಂದ ಜಾವಾದವರು ಅಥವಾ ಮದುರಾ ದ್ವೀಪದವರು. ಫಲಕದಲ್ಲಿ ಅರಬ್ ಹೆಸರಿದ್ದು, ಒಳಗೆ ಜಾವಾ ಮತ್ತು ಮದುರಾ ಮಾತು ಕೇಳಿಸಿದರೆ ಅಚ್ಚರಿಪಡಬೇಕಾಗಿಲ್ಲ.

ಈ ಹೆಸರುಗಳಲ್ಲಿ ಇನ್ನೊಂದು ಭೇದವೂ ಅಡಗಿದೆ, ಮತ್ತು ನನ್ನ ದೃಷ್ಟಿಯಲ್ಲಿ ಕೇರಿಯ ಆಧುನಿಕ ಇತಿಹಾಸದ ಕೀಲಿ ಇಲ್ಲಿಯೇ ಇದೆ. ಅಸ್ಸೆಗಾಫ್, ಅಲ್-ಹಬ್ಶಿ, ಅಲ್-ಅತ್ತಾಸ್ ಮುಂತಾದವರು ಪ್ರವಾದಿ ಮುಹಮ್ಮದರ ವಂಶದವರೆಂದು ಗೌರವ ಪಡೆಯುವ ಸಯ್ಯಿದ್ ಮನೆತನಗಳವರು. ಬಾಸ್ವೆದಾನ್, ಬಾವಝೀರ್, ನಬ್ಹಾನ್ ಮುಂತಾದವರು ಆ ವಂಶದವರಲ್ಲ. ಸಯ್ಯಿದ್ ಮನೆತನದ ಹೆಣ್ಣನ್ನು ಹೊರಗಿನ ಮುಸ್ಲಿಮನೊಬ್ಬ ವರಿಸಬಹುದೇ ಎಂಬ ಪ್ರಶ್ನೆ 1913ರಲ್ಲಿ ಸೊಲೊ ನಗರದಲ್ಲಿ ಎದ್ದಾಗ, ಬತಾವಿಯಾದ, ಅಂದರೆ ಇಂದಿನ ಜಕಾರ್ತಾದ, ಜಮಿಯತ್ ಖೈರ್ ಶಾಲೆಯಲ್ಲಿದ್ದ ಸುಡಾನ್ ಮೂಲದ ವಿದ್ವಾಂಸ ಅಹ್ಮದ್ ಸುರ್ಕತಿ ವರಿಸಬಹುದೆಂದು ಉತ್ತರಿಸಿದರು. ಅದರಿಂದ ಎದ್ದ ವಿರೋಧದಿಂದಾಗಿ ಅವರು ಶಾಲೆಯನ್ನು ಬಿಡಬೇಕಾಯಿತು. 1914ರಲ್ಲಿ ಅವರ ಬೆಂಬಲಿಗರೊಡನೆ ಅಲ್-ಇರ್ಷಾದ್ ಸಂಸ್ಥೆ ಹುಟ್ಟಿತು. ಸಯ್ಯಿದರ ಕಡೆಯವರು 1928ರಲ್ಲಿ ರಾಬಿತಾ ಅಲವಿಯಾ ಸಂಸ್ಥೆಯನ್ನು ಕಟ್ಟಿದರು. ಶಾಲೆ, ಪತ್ರಿಕೆ, ಮದುವೆ ಸಂಬಂಧ ಎಲ್ಲದರಲ್ಲೂ ಈ ಒಡಕು ಕಾಣಿಸಿಕೊಂಡಿತು. ಅಂಪೆಲ್‌ನ ಕೆ.ಎಚ್. ಮಾಸ್ ಮನ್ಸೂರ್ ರಸ್ತೆಯಲ್ಲಿ ಅಲ್-ಇರ್ಷಾದ್ ಹೆಸರಿನ ಆಸ್ಪತ್ರೆಯನ್ನು ನೋಡಿದಾಗ ಈ ಹಿನ್ನೆಲೆ ತಿಳಿದಿದ್ದರೆ ಆ ಕಟ್ಟಡ ಬೇರೆಯೇ ಆಗಿ ಕಾಣುತ್ತದೆ. ಈ ವಿಷಯವನ್ನು ಸ್ಥಳೀಯರ ಬಳಿ ಎತ್ತುವಾಗ ಎಚ್ಚರವಿರಲಿ. ನೇರವಾಗಿ ನೀವು ಯಾವ ಕಡೆಯವರೆಂದು ಕೇಳುವುದು ಸೌಜನ್ಯವಲ್ಲ.

ಒಡಕನ್ನು ದಾಟುವ ಪ್ರಯತ್ನವೂ ಇದೇ ಕೇರಿಯ ಮಗನಿಂದ ಆಯಿತು. 1908ರಲ್ಲಿ ಅಂಪೆಲ್‌ನಲ್ಲಿ ಹುಟ್ಟಿದ ಪತ್ರಕರ್ತ ಎ.ಆರ್. ಬಾಸ್ವೆದಾನ್ 1934ರಲ್ಲಿ ಜಾವಾದ ಉಡುಪಿನಲ್ಲಿ, ತಲೆಗೆ ಬ್ಲಾಂಕೊನ್ ಎಂಬ ಜಾವಾದ ರುಮಾಲು ಧರಿಸಿ ತೆಗೆಸಿಕೊಂಡ ಚಿತ್ರವೊಂದನ್ನು ಲೇಖನದೊಡನೆ ಪ್ರಕಟಿಸಿದಾಗ ಅರಬ್ ಸಮಾಜದಲ್ಲಿ ಕೋಲಾಹಲವೆದ್ದಿತು. ಅದೇ ವರ್ಷದ ಅಕ್ಟೋಬರ್ 4ರಂದು ಸೆಮಾರಾಂಗ್‌ನಲ್ಲಿ ಎರಡೂ ಪಕ್ಷಗಳ ಯುವಕರನ್ನು ಸೇರಿಸಿ, ತಮ್ಮ ತಾಯ್ನಾಡು ಇಂಡೊನೇಷ್ಯಾವೇ ಎಂದು ಪ್ರತಿಜ್ಞೆ ಮಾಡಿಸಿದರು. 1947ರಲ್ಲಿ ಹಾಜಿ ಆಗುಸ್ ಸಾಲಿಮ್ ನೇತೃತ್ವದ ನಿಯೋಗದಲ್ಲಿ ಈಜಿಪ್ಟಿಗೆ ಹೋದ ಅವರು ಹೊಸ ಗಣರಾಜ್ಯಕ್ಕೆ ಸಿಕ್ಕ ಮನ್ನಣೆಯ ಪತ್ರವನ್ನು ಡಚ್ಚರ ತಪಾಸಣೆಗೆ ಸಿಗದಂತೆ ಕಾಲುಚೀಲದಲ್ಲಿ ಅಡಗಿಸಿ ತಂದರೆಂಬುದು ಪ್ರಸಿದ್ಧ ಸಂಗತಿ. 2018ರಲ್ಲಿ ಅವರಿಗೆ ರಾಷ್ಟ್ರವೀರ ಬಿರುದು ಸಂದಿತು. ರಸ್ತೆಗೆ ಹೆಸರು ಕೊಟ್ಟ ಮಾಸ್ ಮನ್ಸೂರ್ (1896–1946) ಅರಬರಲ್ಲ. ಅಂಪೆಲ್‌ನ ಧಾರ್ಮಿಕ ಕುಟುಂಬದಲ್ಲಿ ಹುಟ್ಟಿ, ಮಕ್ಕಾ ಮತ್ತು ಕೈರೋಗಳಲ್ಲಿ ಓದಿ, 1937ರಿಂದ 1942ರವರೆಗೆ ಮುಹಮ್ಮದೀಯಾ ಎಂಬ ಮುಸ್ಲಿಂ ಸುಧಾರಣಾ ಸಂಸ್ಥೆಯ ಅಧ್ಯಕ್ಷರಾಗಿದ್ದವರು.

ಇಷ್ಟು ತಿಳಿದ ಮೇಲೆ ಮಸೀದಿಯತ್ತ ತಿರುಗಬಹುದು. ಜಲಾನ್ ಸಾಸಾಕ್ ಕಡೆಯಿಂದ ಅಂಪೆಲ್ ಸುಚಿ ಓಣಿಯನ್ನು ಹೊಕ್ಕರೆ ಅತ್ತರು, ಜಪಮಣಿ, ಟೋಪಿ, ಲುಂಗಿ, ಸುರ್ಮಾ, ಖರ್ಜೂರಗಳ ಅಂಗಡಿಗಳ ನಡುವೆ ದಾರಿ ಸಾಗುತ್ತದೆ. ಮಸೀದಿಯನ್ನು ಸಂಪ್ರದಾಯದ ಪ್ರಕಾರ 1421ರಲ್ಲಿ ಕಟ್ಟಿದವರು ರಾಡೆನ್ ರಹ್ಮತ್, ಅಂದರೆ ಸುನಾನ್ ಅಂಪೆಲ್. ಜಾವಾದಲ್ಲಿ ಇಸ್ಲಾಂ ಹರಡಿದ ಒಂಬತ್ತು ವಲಿಗಳಲ್ಲಿ, ಅಂದರೆ ಸಂತರಲ್ಲಿ, ಒಬ್ಬರು, ಇಂದಿನ ವಿಯೆಟ್ನಾಮಿನ ಭಾಗವಾದ ಚಂಪಾದಿಂದ ಬಂದವರೆಂದು ಪ್ರತೀತಿ. ಸುತ್ತಲಿನ ಐದು ಗಪುರಗಳನ್ನು, ಅಂದರೆ ಹೆಬ್ಬಾಗಿಲುಗಳನ್ನು, ಅವಸರವಿಲ್ಲದೆ ನೋಡಬೇಕು. ಮುಂಗಾಹ್ ಹಜ್ ಯಾತ್ರೆಯನ್ನೂ, ಪೊಸೊ ಉಪವಾಸವನ್ನೂ, ಙಮಲ್ ದಾನವನ್ನೂ, ಮಾದೆಪ್ ನಮಾಜನ್ನೂ, ಸಮಾಧಿಯ ಬಳಿಯ ಪನೆಕ್ಸೆನ್ ಶಹಾದತ್ ಎಂಬ ನಂಬಿಕೆಯ ಘೋಷಣೆಯನ್ನೂ ಸೂಚಿಸುತ್ತವೆ. ಇಸ್ಲಾಮಿನ ಐದು ಕಂಬಗಳಿಗೆ ಇಲ್ಲಿ ಇರುವುದು ಜಾವಾ ಭಾಷೆಯ ಹೆಸರುಗಳು ಎಂಬುದನ್ನು ಗಮನಿಸಿದರೆ, ಈ ಕೇರಿಯ ಅಡಿಪಾಯವನ್ನು ಅರಬರಿಗಿಂತ ಮೊದಲೇ ಹಾಕಿದವರು ಯಾರೆಂಬುದು ಸ್ಪಷ್ಟವಾಗುತ್ತದೆ.

ಮೈ ಮುಚ್ಚುವ ಉಡುಪು ಧರಿಸಬೇಕು. ಹೆಂಗಸರು ತಲೆಗೆ ವಸ್ತ್ರ ಹೊದ್ದುಕೊಳ್ಳಬೇಕು, ಪಾದರಕ್ಷೆಯನ್ನು ಕಳಚಬೇಕು. ಸಮಾಧಿಯ ಬಳಿ ಗಂಡಸರೂ ಹೆಂಗಸರೂ ಬೇರೆ ಬೇರೆ ಕೂರುತ್ತಾರೆ. ಮುಸ್ಲಿಮೇತರರು ಒಳಗೆ ಹೋಗುವ ಮುನ್ನ ಅಲ್ಲಿನ ಮೇಲ್ವಿಚಾರಕರನ್ನು ಕೇಳಿಕೊಳ್ಳುವುದು ಲೇಸು, ಮತ್ತು ಪ್ರಾರ್ಥನೆಯಲ್ಲಿರುವವರ ಮುಖಕ್ಕೆ ಕ್ಯಾಮೆರಾ ಹಿಡಿಯಬಾರದು. ಆವರಣದಲ್ಲಿ ಮ್ಬಾ ಸೊಲೇಹ್ ಎಂಬ ಮಸೀದಿ ಗುಡಿಸುವವನ ಹೆಸರಿನಲ್ಲಿ ಒಂಬತ್ತು ಗೋರಿಗಳು ಸಾಲಾಗಿವೆ. ಆತ ಒಂಬತ್ತು ಬಾರಿ ಸತ್ತು ಹುಟ್ಟಿದನೆಂಬ ಕಥೆಯನ್ನು ಯಾತ್ರಿಕರ ಬಾಯಿಂದಲೇ ಕೇಳುವುದು ಚೆನ್ನ.

ಶುಕ್ರವಾರ ಮಧ್ಯಾಹ್ನ ಓಣಿಗಳಲ್ಲಿ ಕಾಲಿಡಲು ಜಾಗವಿರುವುದಿಲ್ಲ. ಕೇರಿಯ ಬದುಕನ್ನು ನೋಡಲು ಬೆಳಗಿನ ಹೊತ್ತು ಅನುಕೂಲ; ಊಟಕ್ಕೆ ಸಂಜೆಯೇ ಸರಿ. ರಮಝಾನ್ ತಿಂಗಳಿನಲ್ಲಿ ಉಪವಾಸ ಮುರಿಯುವ ವೇಳೆಗೆ ಇಡೀ ಕೇರಿ ತಿಂಡಿಯ ಸಂತೆಯಾಗುತ್ತದೆ. ಮೇಕೆ ಮಾಂಸದೊಡನೆ ಬೇಯಿಸಿದ ಮಸಾಲೆ ಅನ್ನವಾದ ನಾಸಿ ಕೆಬುಲಿ, ಪದರು ಪದರಾದ ರೋಟಿ ಮರ್ಯಮ್ ಮತ್ತು ಅದರ ಜೊತೆಯ ಗುಲಾಯಿ ಸಾರು, ಶುಂಠಿ ಬೆರೆಸಿದ ಅರಬ್ ಕಾಫಿ ಇವುಗಳನ್ನು ರುಚಿ ನೋಡದೆ ಹೊರಡಬಾರದು. ಮೈದಾ ಹಿಟ್ಟಿನ ಈ ರೊಟ್ಟಿಯಲ್ಲಿ ಯೆಮನ್‌ಗಿಂತ ಭಾರತದ ಕೈವಾಡವೇ ಹೆಚ್ಚು ಕಾಣುತ್ತದೆಂದು ನನಗೆ ಅನ್ನಿಸುತ್ತದೆ. ಮದುವೆಯ ಕಾಲದಲ್ಲಿ ಬಂದವರಿಗೆ ಗಾಂಬುಸ್ ಎಂಬ ತಂತಿವಾದ್ಯದ ಹಾಡುಗಳೂ, ಗಂಡಸರು ಜೋಡಿಯಾಗಿ ಕುಣಿಯುವ ಝಾಪಿನ್ ನೃತ್ಯವೂ ಕಾಣಸಿಗಬಹುದು. ಆಹ್ವಾನವಿಲ್ಲದೆ ಒಳನುಗ್ಗದೆ, ಬಾಗಿಲಲ್ಲಿ ನಿಂತು ಸಲಾಂ ಹೇಳಿದರೆ ಸಾಕು.

ಸಮಯವಿದ್ದರೆ ಪಶ್ಚಿಮದ ನೆರೆಯೂರಾದ ಗ್ರೆಸಿಕ್‌ಗೆ ಹೋಗಬೇಕು. ಒಂಬತ್ತು ವಲಿಗಳಲ್ಲಿ ಇಬ್ಬರ, ಅಂದರೆ ಮೌಲಾನಾ ಮಲಿಕ್ ಇಬ್ರಾಹಿಂ ಮತ್ತು ಸುನಾನ್ ಗಿರಿ ಅವರ ಸಮಾಧಿಗಳು ಅಲ್ಲಿವೆ. ಹಳೆಯ ಅರಬ್ ವಸತಿಯೂ ಇದೆ. ಅಂಪೆಲ್‌ನಲ್ಲಿ ಕಲಿತ ಕ್ರಮದಲ್ಲಿಯೇ, ಅಂದರೆ ಮೊದಲು ಬಂದರು, ಆಮೇಲೆ ಮನೆತನಗಳ ಹೆಸರು, ಕೊನೆಗೆ ಸಮಾಧಿ ಎಂಬಂತೆ, ಅಲ್ಲಿಯೂ ನಡೆಯಬಹುದು.